ದೋಣಿ ಹತ್ತುತ್ತಿರುವವರು

ಟೀವಿಯವರು ನಮ್ಮಪ್ಪ ಹೊಳೆಯಲ್ಲಿ ಮುಳುಗಿ ಸತ್ತನೆಂದು ಹೇಳಿದಾಗ ಅಪ್ಪ ನನ್ನ ಪಕ್ಕದಲ್ಲೇ ಕೂತು ಸೂಸಲ ತಿನ್ನುತ್ತಿದ್ದ. ಅವ್ವ ಚುರುಮುರಿ ನೆನೆಸಿ ಒಗ್ಗರಣೆ ಕೊಟ್ಟು, ಮೇಲೆ ಪುಟಾಣಿ ಹಿಟ್ಟು ಉದುರಿಸಿ ತಾಟಿಗೆ ಹಾಕಿ ಕೊಟ್ಟಿದ್ದಳು. ಅಪ್ಪನಿಗೆ ಅದರ ಜೊತೆ ಹಸಿ ಉಳ್ಳಾಗಡ್ಡಿ ಬೇಕು, ಅದೂ ಕೈಯಿಂದ ಗುದ್ದಿ ಒಡೆದದ್ದೇ ಆಗಬೇಕು. ಆವತ್ತು ಊರಿಗೆ ಊರೇ ಟೀವಿ ಮುಂದಿತ್ತು. ನಾನು ತೊಟ್ಟಿಲಲ್ಲಿದ್ದ ವರ್ಷ ನಮ್ಮ ಹೊಳೆಯ ಘಟ್ಟದಲ್ಲಿ ದೋಣಿ ಮುಳುಗಿ ಬಹಳ ಜನ ಹೋಗಿದ್ದರಲ್ಲ, ಅದರ ಕಥೆಯನ್ನು ನಮ್ಮೂರ ಟೀವಿ ಕೇಂದ್ರದವರು ಸಾಕ್ಷ್ಯಚಿತ್ರ ಮಾಡಿ ತೋರಿಸುತ್ತಿದ್ದರು. ನಡುವೆ ಒಂದು ಹಳೆಯ ಕಪ್ಪು-ಬಿಳುಪು ಚಿತ್ರ ಬಂತು. ಜನ ಒಬ್ಬರ ಹಿಂದೊಬ್ಬರು ದೋಣಿ ಹತ್ತುತ್ತಿದ್ದಾರೆ. ಕೊನೆಯಲ್ಲಿ ಹೆಗಲ ಮೇಲೆ ಏನೋ ಹೊತ್ತ ಒಬ್ಬ ಹುಡುಗ ತಿರುಗಿ ನಿಂತು ನಮ್ಮತ್ತ ನೋಡಿ ಬಾಯಿ ಆಡಿಸುತ್ತಾನೆ. "ಅಯ್ಯ, ನಿಮ್ಮಪ್ಪ ನೋಡವಾ" ಅಂದಳು ಅವ್ವ. ಆ ಮೀಸೆ, ಎಣ್ಣೆ ಹಚ್ಚಿ ಬಾಚಿದ ಆ ಕ್ರಾಪು ನೋಡಿ ನಾನು ನಗತೊಡಗಿದೆ. ಅಪ್ಪನೂ ನಾಚಿಕೊಂಡು ನಕ್ಕ. ಅಷ್ಟರಲ್ಲಿ ಟೀವಿಯ ದನಿ ಹೇಳಿತು: "ಇವರೇ ಆ ದೋಣಿಯ ಕೊನೆಯ ಪಯಣಿಗರು. ಇನ್ನು ಸ್ವಲ್ಪ ಹೊತ್ತಿಗೆ ಇವರಲ್ಲಿ ಒಬ್ಬರೂ ಉಳಿಯುವುದಿಲ್ಲ."

ನಾನು ಅಪ್ಪನ ಕಡೆ ತಿರುಗಿದೆ. ಅಪ್ಪನ ಕೈಯಲ್ಲಿದ್ದ ತಾಟು ತುಂಬಿ ಚೆಲ್ಲುತ್ತಿತ್ತು. ಅಂಗಿಯ ತೋಳಿನಿಂದ ನೀರು, ಕೂದಲಿಂದ ನೀರು, ಕಿವಿಯ ತೂತಿನಿಂದ ಸಣ್ಣಗೆ ನೀರು. ಮನೆ ತುಂಬ ರಾಡಿ ಮತ್ತು ಪಾಚಿಯ ವಾಸನೆ. ಅಪ್ಪ ತನ್ನ ಮೈಯನ್ನು ನೋಡಿಕೊಳ್ಳಲಿಲ್ಲ, ತಾಟನ್ನೇ ನೋಡುತ್ತ ಸಣ್ಣ ಹುಡುಗನ ಹಾಗೆ, "ಸೂಸಲ ಎಲ್ಲಾ ನೀರಾತು" ಅಂದ.

ನಮ್ಮೂರಲ್ಲಿ ಬೆಳೆದವರಿಗೆ ಏನಾಯಿತೆಂದು ಬಿಡಿಸಿ ಹೇಳಬೇಕಾಗಿರಲಿಲ್ಲ: ಚಿತ್ರದ ಮೇಲೆ ಟೀವಿಯ ದನಿ ಏನು ಹೇಳುತ್ತದೋ ಅದರಲ್ಲಿರುವವರಿಗೆ ಅದೇ ಆಗುತ್ತದೆ. ಹಿಂದೊಮ್ಮೆ ಸೀಮೆಎಣ್ಣೆಗೆ ಪಾಳಿ ಹಚ್ಚಿದ್ದವರ ಚಿತ್ರವನ್ನು ಕಾಲರಾದ ಕಾರ್ಯಕ್ರಮದಲ್ಲಿ ಹಾಕಿದ್ದರು. ಆ ಓಣಿಗೆ ಓಣಿಯೇ ತಂಬಿಗೆ ಹಿಡಿದು ಓಡಿತ್ತು. ಯಾವುದೋ ಮದುವೆಯ ದಿಬ್ಬಣವನ್ನು ಕಿಸೆಗಳ್ಳರ ಮೇಲಿನ ಚಿತ್ರಕ್ಕೆ ಬಳಸಿದ್ದರು. ಮದುಮಗನ ಸೋದರಮಾವ, ದೇವರಂಥ ಮನುಷ್ಯ, ಅಂದಿನಿಂದ ಬಸ್ಸಿನಲ್ಲಿ ಕಂಡವರ ಕಿಸೆಗೆ ಕೈ ಹಾಕುತ್ತಾನೆ, ಆಮೇಲೆ ತಾನೇ ಅಳುತ್ತ ವಾಪಸು ಕೊಡುತ್ತಾನೆ. ನಾನು ಬಸ್‌ಸ್ಟ್ಯಾಂಡಿನಲ್ಲಿ ಮೈಕು ಹಿಡಿದು ಬಸ್ಸುಗಳ ಹೆಸರು ಕೂಗುವವಳು, ವಾರಕ್ಕೊಮ್ಮೆಯಾದರೂ ಅವನ ಕಣ್ಣೀರು ನೋಡುತ್ತೇನೆ. ಒಳ್ಳೆಯದೂ ಆಗುವುದುಂಟು. ಜೋಕಾಲಿ ಆಡುತ್ತಿದ್ದ ಒಂದು ಹುಡುಗಿಯನ್ನು 'ನಾಳಿನ ಡಾಕ್ಟರರು' ಎಂದು ತೋರಿಸಿದರು, ಈಗ ಅವಳೇ ನಮ್ಮವ್ವನ ಬಿಪಿ ನೋಡುವುದು. ಅದಾದ ಮೇಲೆ ತಾಯಂದಿರು ಮಕ್ಕಳಿಗೆ ಪೌಡರು ಬಳಿದು ಟೀವಿ ಕೇಂದ್ರದ ಸುತ್ತ ಸುಳಿದಾಡುತ್ತಾರೆ.

ಹೀಗಾಗಿ ನಮ್ಮಲ್ಲಿ ಒಂದು ಪದ್ಧತಿ. ಎಲ್ಲಿ ಕ್ಯಾಮೆರಾ ಕಂಡರೂ ನಿಂತು, ಅದಕ್ಕೆ ಮುಖ ಕೊಟ್ಟು, ನೀನು ಯಾರು, ಇವತ್ತು ಯಾವ ವಾರ, ಎಲ್ಲಿಗೆ ಹೊರಟಿದ್ದೀ ಎಂದು ಗಟ್ಟಿಯಾಗಿ ಹೇಳಿಬಿಡಬೇಕು. ಹೇಳಿದರೆ ಆ ಚಿತ್ರ ನಿನ್ನದೇ ದಿನಕ್ಕೆ ಅಂಟಿಕೊಳ್ಳುತ್ತದೆ, ಬೇರೆ ಕಥೆಗೆ ಹೋಗುವುದಿಲ್ಲ. ಮಕ್ಕಳಿಗೆ ಅಕ್ಷರಕ್ಕಿಂತ ಮೊದಲು ಇದನ್ನು ಕಲಿಸುತ್ತೇವೆ. "ನಾನು ಬಸಮ್ಮ, ಇವತ್ತು ಸೋಮವಾರ, ಗಿರಣಿಗೆ ಜ್ವಾಳ ಬೀಸಾಕ ಹೊಂಟೀನಿ" ಎಂದು ಕ್ಯಾಮೆರಾಕ್ಕೆ ಕೂಗಿ ಮುಂದೆ ಹೋಗುವ ಹೆಂಗಸರನ್ನು ಹೊರಗಿನವರು ಹುಚ್ಚರೆಂದು ತಿಳಿಯುತ್ತಾರೆ. ಹೆಣದ ಮುಂದೆ ಅಳುವವರೂ ಕ್ಯಾಮೆರಾ ಕಂಡರೆ ಅಳು ನಿಲ್ಲಿಸಿ, "ತೀರಿಕೊಂಡವರು ನಮ್ಮ ದೊಡ್ಡಪ್ಪ, ಅದಕ್ಕ ಅಳಾಕತ್ತೀನಿ" ಎಂದು ಹೇಳಿ ಮತ್ತೆ ಅಳಲು ಶುರು ಮಾಡುತ್ತಾರೆ. ಅಪ್ಪನೂ ಅಂದು ದೋಣಿಯ ಹತ್ತಿರ ತಿರುಗಿ ನಿಂತು ಹೇಳಿದ್ದು ಅದನ್ನೇ. ಆದರೆ ಆ ಕಾಲದ ಆ ಕ್ಯಾಮೆರಾಕ್ಕೆ ಕಿವಿ ಇರಲಿಲ್ಲ. ಬಾಯಿ ಆಡಿದ್ದಷ್ಟೇ ಉಳಿದಿತ್ತು, ಮಾತು ಗಾಳಿಗೆ ಹೋಗಿತ್ತು.

ಮರುದಿನ ಬೆಳಿಗ್ಗೆ ಮಾಬೂಸಾಬರು ಬಂದರು. ಆಡು ಸಾಕುವ ಮುದುಕ, ಅಪ್ಪನ ಗೆಳೆಯ. ಗಡ್ಡದಿಂದ ನೀರು ಸೋರುತ್ತಿತ್ತು, ಕಾಲಿಟ್ಟಲ್ಲೆಲ್ಲ ಪಚ್ ಪಚ್ ಸದ್ದು. ಆ ಚಿತ್ರದಲ್ಲಿ ಅವರೂ ಇದ್ದರು, ಹೆಗಲ ಮೇಲೆ ಆಡಿನ ಮರಿ ಹೊತ್ತುಕೊಂಡು. ಉಳಿದವರೆಲ್ಲ ಯಾವತ್ತೋ ವಯಸ್ಸಾಗಿ ತೀರಿಕೊಂಡವರು, ಅವರಿಗೆ ಯಾವ ಮಾತೂ ತಟ್ಟುವುದಿಲ್ಲ. ಬದುಕಿದ್ದವರು ಇವರಿಬ್ಬರೇ. "ಅಡಿವೆಪ್ಪಣ್ಣ, ನಾವಿಬ್ಬರೂ ಸತ್ತೀವಂತ, ಗೊತ್ತಾತಿಲ್ಲೋ?" ಎಂದು ಮಾಬೂಸಾಬರು ನಗಲು ನೋಡಿದರು. ನಗುವಿನ ನಡುವೆ ಸೀನು ಬಂತು. ತಮ್ಮ ಆಡುಗಳೂ ತಮ್ಮ ಹತ್ತಿರ ಬರುತ್ತಿಲ್ಲ, ಹೊಳೆ ಬಂತೆಂದು ಹೆದರಿ ಓಡುತ್ತವೆ ಎಂದು ಹೇಳಿಕೊಂಡರು.

ಅಪ್ಪನದು ಗಾದಿ ಅಂಗಡಿ. ಹತ್ತಿ ಬಡಿದು ಗಾದಿ, ದಿಂಬು ಹೊಲಿದು ಕೊಡುವವನ ಕೈಯೇ ಒದ್ದೆಯಾದರೆ ಏನು ಮಾಡುವುದು. ಅವನು ಮುಟ್ಟಿದ ಹತ್ತಿ ಮುದ್ದೆಯಾಗಿ ನಾರತೊಡಗಿತು. ಬಿಸಿಲಿಗೆ ಕೂರಿಸಿದೆವು, ಒಲೆಯ ಮುಂದೆ ಕೂರಿಸಿದೆವು, ಅಂಗಿ ಬದಲಿಸಿದೆವು. ಹೊಸ ಅಂಗಿ ಗುಂಡಿ ಹಾಕುವುದರೊಳಗೆ ತೊಯ್ದು ಮೈಗೆ ಅಂಟಿಕೊಳ್ಳುತ್ತಿತ್ತು. ಆಮೇಲಾಮೇಲೆ ಅವನಿಗೆ ನಮ್ಮ ಮಾತು ಸರಿಯಾಗಿ ಕೇಳಿಸದಾಯಿತು; ಎಲ್ಲರೂ ಎಲ್ಲೋ ದೂರ ಮೇಲೆ ನಿಂತು ಮಾತಾಡಿದಂತೆ ಆಗುತ್ತದೆ ಅಂದ. ಮಲಗಿದಾಗ ಉಸಿರಿನ ಜೊತೆ ಮೂಗಿನಲ್ಲಿ ಗುಳ್ಳೆ ಏಳುತ್ತಿದ್ದವು. ಹೊಳೆ ನಮ್ಮಪ್ಪನೊಳಗೆ ಏರುತ್ತಿತ್ತು, ನಾವು ಪಕ್ಕದಲ್ಲಿ ಕೂತು ಟವೆಲು ಹಿಂಡುತ್ತಿದ್ದೆವು.

ಟೀವಿ ಕೇಂದ್ರಕ್ಕೆ ನಾನೇ ಹೋದೆ. ಬೈಯಬೇಕೆಂದೇ ಹೋಗಿದ್ದೆ. ಆ ಚಿತ್ರ ಮಾಡಿದ ವೈಜಯಂತಿ ಎನ್ನುವ ಹುಡುಗಿ ನನ್ನನ್ನು ನೋಡುವ ಮೊದಲೇ ಅತ್ತು ಕಣ್ಣು ಊದಿಸಿಕೊಂಡಿದ್ದಳು. ದೋಣಿ ಮುಳುಗಿದ ದಿನ ಯಾರೂ ಚಿತ್ರ ತೆಗೆದಿರಲಿಲ್ಲವಂತೆ. ಬರೀ ಹೊಳೆ ತೋರಿಸಿದರೆ ನೋಡುವವರಿಗೆ ಏನೂ ಅನ್ನಿಸುವುದಿಲ್ಲ, ಜನರ ಮುಖ ಬೇಕು. ಹಳೆಯ ಡಬ್ಬಿಗಳನ್ನು ಹುಡುಕಿದಾಗ ಇದು ಸಿಕ್ಕಿತು. ದಿನ ಬೇರೆ, ಆದರೆ ಅದೇ ದೋಣಿ, ಅದೇ ಘಟ್ಟ. ಅಷ್ಟು ಹಳೆಯದರಲ್ಲಿ ಇದ್ದವರೆಲ್ಲ ಹೋಗಿರುತ್ತಾರೆ, ಹೋದವರಿಗೆ ಏನೂ ಆಗುವುದಿಲ್ಲ ಎಂದುಕೊಂಡಳು. "ಕಪ್ಪು-ಬಿಳುಪು ಅಂದ್ರ ಸತ್ತವರು ಅಂತನ ನನ್ನ ತಲಿಯೊಳಗ ಇತ್ರೀ ಅಕ್ಕಾರ. ಅದರೊಳಗಿಂದ ಒಬ್ಬರು ಬದುಕಿ ಮನಿಯಾಗ ಕೂತಿರತಾರ ಅಂತ ಅನಿಸಲೇ ಇಲ್ಲ" ಅಂದಳು. ಬೈಯಲು ಬಂದವಳು ಅವಳ ಪಕ್ಕದಲ್ಲಿ ಕೂತೆ. ನನಗೂ ಅಪ್ಪನ ಹರೆಯ ಅಂದರೆ ಯಾರದೋ ಸತ್ತವರ ಕಥೆಯ ಹಾಗೇ ಅನ್ನಿಸುತ್ತಿತ್ತಲ್ಲ.

ಆ ಚಿತ್ರವನ್ನು ಇನ್ನು ತೋರಿಸದೇ ಬಿಟ್ಟರೆ ಉಪಯೋಗವಿಲ್ಲ, ಹೇಳಿದ್ದು ಹೇಳಿ ಆಗಿತ್ತು. ಅದೇ ಚಿತ್ರವನ್ನು ಸರಿಯಾದ ಮಾತಿನೊಂದಿಗೆ ಊರಿಗೆಲ್ಲ ಮತ್ತೆ ತೋರಿಸಬೇಕು, ಅದೊಂದೇ ದಾರಿ; ಒಂದು ಸುಳ್ಳನ್ನು ಇನ್ನೊಂದು ಸುಳ್ಳು ಅಳಿಸುವುದಿಲ್ಲ. ವೈಜಯಂತಿ ನಮ್ಮ ಮನೆಗೆ ಓಡಿ ಬಂದು ಅಪ್ಪ, ಮಾಬೂಸಾಬರು ಇಬ್ಬರನ್ನೂ ಕೂರಿಸಿಕೊಂಡು ಅವತ್ತು ಎಲ್ಲಿಗೆ ಹೊರಟಿದ್ದಿರಿ ಎಂದು ಕೇಳಿದಳು. ಮಾಬೂಸಾಬರು ಅಕ್ಕನ ಮನೆಗೆ ಆಡಿನ ಮರಿ ಕೊಡಲು ಹೊರಟಿದ್ದೆ ಅಂದರು. ಆ ಮರಿ ಅವತ್ತು ತಮ್ಮ ಕೊರಳ ಮೇಲೆ ಏನು ಮಾಡಿತೆಂಬುದನ್ನೂ ಹೇಳಿದರು. ಅಪ್ಪ ಆಚೆ ದಂಡೆಯ ಸಂತೆಗೆ ಹತ್ತಿ ತರಲು ಹೊರಟಿದ್ದೆ ಅಂದ. ಆ ಮಾತನ್ನು ನಾನು ಹುಟ್ಟಿದಾಗಿನಿಂದ ಕೇಳಿದ್ದೆ. ಘಟ್ಟದ ಸುದ್ದಿ ಬಂದಾಗಲೆಲ್ಲ, ನಾನೂ ಅದೇ ದೋಣಿಯಲ್ಲಿ ಸಂತೆಗೆ ಹೋಗಿ ಬಂದಿದ್ದೆ, ಆಮೇಲೆ ಸ್ವಲ್ಪ ದಿನಕ್ಕೇ ಅದು ಮುಳುಗಿತು, ನನ್ನ ಆಯುಷ್ಯ ಗಟ್ಟಿ ಎಂದು ಅವನು ಹೇಳುತ್ತಿದ್ದ.

ಅವತ್ತು ಸಂಜೆ ಮಾಬೂಸಾಬರು ನಮ್ಮ ಮನೆಯಲ್ಲೇ ಟೀವಿ ನೋಡಲು ಕೂತರು. ಚಿತ್ರ ಬಂತು. ಆಡಿನ ಮರಿ, ಅಕ್ಕನ ಮನೆ ಎಂದು ದನಿ ಹೇಳಿತು. ನೋಡನೋಡುತ್ತಿದ್ದಂತೆ ಮಾಬೂಸಾಬರ ಗಡ್ಡ ಒಣಗಿ ಹಿಂಜಿದ ಹತ್ತಿಯ ಹಾಗೆ ಅರಳಿತು. ಅವರು ಎರಡೂ ಕೈ ಗಡ್ಡಕ್ಕೆ ಒತ್ತಿಕೊಂಡು ಅಲ್ಲಾನ ಹೆಸರು ಹೇಳಿದರು. ಆಮೇಲೆ ಅಪ್ಪನ ಸರದಿ. "ಇವರು ಸಂತೆಗೆ ಹತ್ತಿ ತರಲು ಹೊರಟಿದ್ದಾರೆ" ಎಂದಿತು ದನಿ. ಅಪ್ಪ ಕೆಮ್ಮಿದ. ಇನ್ನೊಮ್ಮೆ ಕೆಮ್ಮಿದ. ಆಮೇಲೆ ಬಗ್ಗಿ ಬೊಗಸೆಗಟ್ಟಲೆ ನೀರು ಕಾರಿದ, ಆ ನೀರಿನಲ್ಲಿ ಬೆರಳುದ್ದದ ಒಂದು ಮೀನು ಬಿದ್ದು ನೆಲದ ಮೇಲೆ ಒದ್ದಾಡಿತು. ನಾನು ಗೋಡೆಗೆ ಒತ್ತಿ ನಿಂತೆ. ಮಾಬೂಸಾಬರು ಒಣಗಿದ ತಮ್ಮ ಕೈಯನ್ನು ಒಮ್ಮೆ, ಅಪ್ಪನನ್ನು ಒಮ್ಮೆ ನೋಡಿ, ತಪ್ಪು ಮಾಡಿದವರ ಹಾಗೆ ಮೆಲ್ಲಗೆ ಎದ್ದು ಹೋದರು. ಅವ್ವ ಮೀನನ್ನು ಸೆರಗಿನಲ್ಲಿ ಹಿಡಿದು ಹಿತ್ತಲಿನ ನೀರಿನ ಹೌದಕ್ಕೆ ಬಿಟ್ಟು ಬಂದಳು. ಅವಳ ಮುಖದಲ್ಲಿ ಗಾಬರಿ ಇರಲಿಲ್ಲ. ಅದನ್ನು ನೋಡಿ ನನಗೆ ಮೀನಿಗಿಂತ ಹೆಚ್ಚು ದಿಗಿಲಾಯಿತು.

ಮರುದಿನ ವೈಜಯಂತಿ ಆ ಚಿತ್ರವನ್ನು ಒಂದು ಸಣ್ಣ ಯಂತ್ರದಲ್ಲಿ ಹಾಕಿಕೊಂಡು ಬಂದಳು. ಮಾತಿಲ್ಲದೆ ತೋರಿಸಿದರೆ ಯಾರಿಗೂ ಏನೂ ಆಗುವುದಿಲ್ಲ. ತಾನು ಎಲ್ಲಿ ತಪ್ಪಿದೆ ಎಂದು ಅವಳಿಗೆ ತಿಳಿಯುತ್ತಿರಲಿಲ್ಲ. ವಾರ ತಪ್ಪಾಯಿತೋ, ಹತ್ತಿಯ ಬದಲು ಬೇರೇನಾದರೂ ತರಲು ಹೊರಟಿದ್ದರೋ ಎಂದು ಅಪ್ಪನನ್ನು ಕೇಳಿದಳು. ಅಪ್ಪ ಬಾಯಿ ತೆರೆದರೆ ನೀರೇ ಬರುತ್ತಿತ್ತು. ಅವ್ವ ಒಳಗಿನಿಂದ ಕೈ ಒರೆಸಿಕೊಳ್ಳುತ್ತ ಬಂದು ಚಿತ್ರ ನಿಲ್ಲಿಸಲು ಹೇಳಿದಳು. ನಿಂತ ಚಿತ್ರದ ಮೇಲೆ, ಆ ಹುಡುಗನ ಹೆಗಲ ಹತ್ತಿರ ಬೆರಳಿಟ್ಟು, ಇದೇನು ಎಂದು ನನ್ನನ್ನು ಕೇಳಿದಳು. ಟ್ರಂಕು ಅಂದೆ.

"ಹತ್ತಿ ತರಾಕ ಹೋಗವ್ರು ಚೀಲ ಒಯ್ತಾರ" ಅಂದಳು ಅವ್ವ. "ಟ್ರಂಕು ಯಾಕ ಒಯ್ತಾರ?"

ಅಪ್ಪ ಕಣ್ಣು ಮುಚ್ಚಿಕೊಂಡ. ರೆಪ್ಪೆಯಿಂದ ಇಳಿಯುತ್ತಿದ್ದದ್ದು ಹೊಳೆಯ ನೀರೋ ಅವನದೇ ನೀರೋ ಗೊತ್ತಾಗುವಂತಿರಲಿಲ್ಲ. ಅವ್ವ ನೆಲದ ಮೇಲೆ ಕೂತು, ಪಕ್ಕದ ಮನೆಯ ಸುದ್ದಿ ಹೇಳುವ ಹಾಗೆ ಹೇಳಿದಳು. ಅವತ್ತು ಅವಳು ನೀರು ತಂದು ಕೊಡ ಇಳಿಸಿದಾಗ ಮಂಚದ ಕೆಳಗೆ ಟ್ರಂಕು ಇರಲಿಲ್ಲ. ಹಗ್ಗದ ಮೇಲೆ ಒಣಹಾಕಿದ್ದ ಅವನ ಬಟ್ಟೆ ಇರಲಿಲ್ಲ. ಅರ್ಧ ಹಸಿ ಇದ್ದದ್ದನ್ನೂ ಒಯ್ದಿದ್ದ. ಅವಳು ಒಲೆ ಹಚ್ಚಲಿಲ್ಲ. ನನ್ನ ತೊಟ್ಟಿಲು ತೂಗುತ್ತ ಕೂತೇ ಇದ್ದಳು. ಸಂಜೆಯ ದೋಣಿ ಬಂದ ಮೇಲೆ ಅವನು ಬಂದ, ಟ್ರಂಕನ್ನು ಮಂಚದ ಕೆಳಗೆ ತಳ್ಳಿದ, ಕಾಲು ತೊಳೆದುಕೊಂಡ. ಇವಳು ಎದ್ದು ರೊಟ್ಟಿ ಬಡಿದಳು. ಸಂತೆಗೆ ಹೋಗಿದ್ದೆ ಅಂದ, ಹೌದೇನು ಅಂದಳು. ಅಷ್ಟೇ. ಇಷ್ಟು ವರ್ಷ ಈ ಮನೆಯಲ್ಲಿ ಇದೇ ಮಂಚದ ಮೇಲೆ ಮಲಗಿ ಎದ್ದವಳು ನಾನು, ಅದರ ಕೆಳಗಿನ ಟ್ರಂಕಿನಲ್ಲಿ ಕಂಬಳಿ ಇಡುವವಳೂ ನಾನೇ. ಯಾಕೆ ಬಂದೆ ಎಂದಾದರೂ ಕೇಳಬಾರದಿತ್ತೇ ಎಂದು ಅವ್ವನನ್ನು ಕೇಳಿದೆ.

"ಯಾಕ ಬಂದ್ರಿ ಅಂತ ಕೇಳಿದ್ರ, ಯಾಕ ಹೋಗಿದ್ರಿ ಅಂತನೂ ಕೇಳಬೇಕಾಗ್ತಿತ್ತವಾ" ಅಂದಳು.

ಈಗ ಸರಿಯಾದ ಮಾತು ಸಿಕ್ಕಿತ್ತು. ಆದರೆ ವೈಜಯಂತಿಯ ಮುಖ ಇನ್ನಷ್ಟು ಬಿಳಿಚಿತು. ಅಪ್ಪನ ಚಿತ್ರ ಬಲು ಚಿಕ್ಕದು, ಒಂದು ವಾಕ್ಯ ಹಿಡಿದರೆ ಹೆಚ್ಚು. ಚಿತ್ರ ಮುಗಿದ ಮೇಲೆ ಎಷ್ಟು ಹೇಳಿದರೂ ಅದು ಅಂಟುವುದಿಲ್ಲ. ಮತ್ತೆ ಆ ಚಿತ್ರದಲ್ಲಿ ಅವನು ಹೋಗುತ್ತಿದ್ದಾನೆ, ಬರುತ್ತಿಲ್ಲ. ಬಂದದ್ದನ್ನು ಅದರ ಮೇಲೆ ಹೇಳಿದರೆ ಮತ್ತೆ ಸುಳ್ಳಾಗುತ್ತದೆ. ಅಂದರೆ ಊರಿಗೆಲ್ಲ ಕೇಳುವಂತೆ ಹೇಳಬೇಕಾದದ್ದು ಅವನು ಬಿಟ್ಟು ಹೊರಟನೆಂದಷ್ಟೇ. ಹೇಳಿದ ಮೇಲೆ ಅದೇ ಆಗುತ್ತದೆ; ಟೀವಿ ಹೇಳಿದ ಮರುಬೆಳಿಗ್ಗೆಯೇ ಮಾಬೂಸಾಬರೂ ಆಡಿನ ಮರಿ ಹೊತ್ತು ಅಕ್ಕನ ಮನೆಗೆ ಹೊರಟುಬಿಟ್ಟಿದ್ದರು. ಅವಳು ಇದನ್ನು ತಡವರಿಸುತ್ತ ಹೇಳಿ ಮುಗಿಸಿ, ನನ್ನ ದನಿ ಊರಿಗೆ ಪರಿಚಯ, ನಾನೇ ಓದಿದರೆ ಒಳ್ಳೆಯದು ಎಂದು ಮೈಕನ್ನು ನನ್ನ ಮುಂದೆ ಹಿಡಿದಳು. ದಿನಾ ಎಷ್ಟು ಬಸ್ಸು ಹೊರಡಿಸುತ್ತೇನೆ ನಾನು, ಎಷ್ಟು ಜನರನ್ನು ಊರು ಬಿಡಿಸುತ್ತೇನೆ. ಈ ಮೈಕನ್ನು ಮಾತ್ರ ಹಿಂದಕ್ಕೆ ತಳ್ಳಿದೆ. ಅವ್ವ ಮೈಕಿಗೆ ಕೈ ಚಾಚಿದಾಗ ನಾನು ಅವಳ ಮಣಿಕಟ್ಟು ಹಿಡಿದುಕೊಂಡೆ.

"ಅವ್ವಾ, ಹಂಗಂದ್ರ ಅಪ್ಪ ಹೋಗೇಬಿಡ್ತಾನ."

"ಉಸರಾಡಿಕೋತ ಹೋಗ್ಲಿ ಬಿಡು" ಅಂದಳು.

ಅಪ್ಪ ಕಣ್ಣು ಬಿಟ್ಟು ಅವಳನ್ನೇ ನೋಡುತ್ತಿದ್ದ. ಅವನಿಗೆ ಎಷ್ಟು ಕೇಳಿಸಿತೋ ಗೊತ್ತಿಲ್ಲ. ಅವ್ವ ಮೈಕನ್ನು ಲಟ್ಟಣಿಗೆಯ ಹಾಗೆ ಎರಡೂ ಕೈಯಲ್ಲಿ ಹಿಡಿದು, ಒಂದೇ ಉಸಿರಿನಲ್ಲಿ ಹೇಳಿದಳು: "ಇವರು ಹೆಂಡತೀನ್ನ, ತೊಟ್ಟಿಲದಾಗಿನ ಮಗಳನ್ನ ಬಿಟ್ಟು ಹೊಂಟಾರ." ಹೇಳಿ ಮೈಕು ವಾಪಸು ಕೊಟ್ಟಳು. ಆಮೇಲೆ ವೈಜಯಂತಿಗೆ ಒಂದೇ ಒಂದು ಕೋರಿಕೆ ಮಾಡಿದಳು, ಇದನ್ನು ಸಂಜೆಗೆ ಇಡಬೇಡ, ಮುಂಜಾನೆಯೇ ತೋರಿಸು ಎಂದು. ಯಾಕೆಂದು ವೈಜಯಂತಿ ಕೇಳಿದಳು. "ಮುಂಜಾನೆ ಹೋದವರಿಗೆ ಸಂಜೀ ದೋಣಿ ಇರ್ತೈತಲ್ಲವಾ" ಅಂದಳು ಅವ್ವ.

ಮರುದಿನ ನಾನು ಏಳುವಷ್ಟರಲ್ಲಿ ಅವಳು ಟ್ರಂಕಿನಿಂದ ಕಂಬಳಿ ತೆಗೆದಿಟ್ಟು, ಅಪ್ಪನ ಅಂಗಿ, ಧೋತರ, ಟವೆಲನ್ನು ಮಡಚಿ ತುಂಬುತ್ತಿದ್ದಳು. ನಾನು ಬಾಗಿಲಲ್ಲಿ ನಿಂತೆ. ಅಪ್ಪ ಮಂಚದ ಮೇಲೆ ತುಟಿ ನೀಲಿಯಾಗಿ ಬಿದ್ದಿದ್ದ, ಎದೆಯೊಳಗೆ ಹರಿಯುವ ನೀರಿನ ಸದ್ದು. ಟೀವಿ ಹಚ್ಚಿದೆವು. ದೋಣಿ, ಜನ, ಆ ಹುಡುಗ. ಅವ್ವನ ದನಿ ಟೀವಿಯಿಂದ ಬಂದು ಅವ್ವ ಕೂತಿದ್ದ ಮನೆಯನ್ನು ತುಂಬಿತು. ಬೀದಿಯ ಎಲ್ಲ ಮನೆಗಳಿಂದಲೂ ಅದೇ ದನಿ ಕೇಳಿತು.

ಅಪ್ಪನಿಗೆ ಉಸಿರು ಬಂತು. ಎಷ್ಟೋ ದಿನದಿಂದ ನೀರಿನಡಿ ಇದ್ದವನು ತಲೆ ಎತ್ತಿದ ಹಾಗೆ ದೊಡ್ಡದಾಗಿ ಎಳೆದುಕೊಂಡ. ಅಂಗಿ ಒಣಗಿತು, ಬಿಳಿ ಕೂದಲು ಗಾಳಿಗೆ ಹಾರಿತು, ಹಾಸಿಗೆ ಕೂಡ ಒಣಗಿತು. ನಾನು ಅವನ ಕೈ ಹಿಡಿದು ನೋಡಿದೆ, ಬೆಚ್ಚಗಿತ್ತು. ಅಪ್ಪಾ ಅಂದೆ. ಅವನು ಬಹಳ ಮರ್ಯಾದೆಯಿಂದ ಕೈ ಬಿಡಿಸಿಕೊಂಡ, ಯಾರೋ ಪರಿಚಯದವರ ಮಗಳಿಂದ ಬಿಡಿಸಿಕೊಳ್ಳುವ ಹಾಗೆ. ಎದ್ದು ಟ್ರಂಕನ್ನು ಹೆಗಲಿಗೆ ಏರಿಸಿದ. ಮೊನ್ನೆಯವರೆಗೆ ಕೊಡ ಎತ್ತಿದರೆ ಸೊಂಟ ಹಿಡಿಯುತ್ತಿತ್ತು ಅವನಿಗೆ. ಅವ್ವ ಚಪ್ಪಲಿಯನ್ನು ಕಾಲ ಹತ್ತಿರ ತಳ್ಳಿದಳು, ಮೆಟ್ಟಿಕೊಂಡ. ಬೀದಿಯ ಜನ ಕಟ್ಟೆಗಳ ಮೇಲೆ ನಿಂತು ನೋಡುತ್ತಿದ್ದರು. ಮಾಬೂಸಾಬರು ಅಡ್ಡ ಬಂದು, ಎಲ್ಲಿಗೋ ಅಡಿವೆಪ್ಪಣ್ಣ ಎಂದು ಅಂಗಿ ಹಿಡಿದರೂ ಅವನು ನಿಲ್ಲಲಿಲ್ಲ. ನಾನು ಘಟ್ಟದವರೆಗೂ ಹಿಂದೆ ಹೋದೆ. ದೋಣಿ ಹತ್ತಿ, ಟ್ರಂಕಿನ ಮೇಲೆ ಕೂತು, ಆಚೆ ದಂಡೆಯ ಕಡೆಗೆ ಮುಖ ಮಾಡಿದ. ಹಿಂದಿರುಗಿ ನೋಡಲಿಲ್ಲ.

ಸಂಜೆ ಅವ್ವ ತಲೆ ಬಾಚಿಕೊಂಡು ನನ್ನ ಜೊತೆ ಘಟ್ಟಕ್ಕೆ ಬಂದಳು. ಅಲ್ಲಿ ವೈಜಯಂತಿ ಕ್ಯಾಮೆರಾ ಹೂಡಿ ನಿಂತಿದ್ದಳು. ಅವಳು ಇಡೀ ದಿನ ಯೋಚನೆ ಮಾಡಿ ಒಂದು ದಾರಿ ಹುಡುಕಿದ್ದಳು. ಸಂಜೆಯ ದೋಣಿ ಬರುವುದನ್ನು ತೆಗೆದುಕೊಳ್ಳುವುದು, ಇಳಿಯುವವರ ಬೆನ್ನು ಕಂಡರೂ ಸಾಕು, ಅದರ ಮೇಲೆ ಅವರು ವಾಪಸು ಬಂದರು ಎಂದು ಹೇಳಿಸಿಬಿಡುವುದು. ಒಮ್ಮೆ ತೋರಿಸಿದರೆ ಮತ್ತೆ ಹೋಗುವ ಮಾತೇ ಇರುವುದಿಲ್ಲ. ನನಗೆ ಅವಳ ಕಾಲಿಗೆ ಬೀಳಬೇಕೆನ್ನಿಸಿತು. ಬೇಗ ತೆಗಿಯವಾ, ಬೆಳಕು ಹೋಗುತ್ತದೆ ಎಂದೆ. ಆಚೆ ದಂಡೆಯಿಂದ ದೋಣಿ ಬಿಟ್ಟಿತ್ತು. ಅದರಲ್ಲಿ ಜನ ಇದ್ದದ್ದು ಕಾಣುತ್ತಿತ್ತು, ಮುಖಗಳ ಗುರುತು ಹತ್ತುತ್ತಿರಲಿಲ್ಲ.

ಅವ್ವ ಕ್ಯಾಮೆರಾದ ಮುಂದೆ ಹೋಗಿ ಅದರ ಕಣ್ಣಿನ ಮೇಲೆ ಅಂಗೈ ಇಟ್ಟಳು.

"ಬ್ಯಾಡವಾ" ಅಂದಳು. "ಅವತ್ತ ಸಂಜೀಕೂ ಇಲ್ಲಿ ಯಾರೂ ಇದನ್ನ ಹಿಡಕೊಂಡು ನಿಂತಿರಲಿಲ್ಲ. ಆದರೂ ಬಂದಿದ್ರು."